ಕಾಗದವಿಲ್ಲದ ನಿಷೇಧ: ಕಲಬುರಗಿ ಸೀಮೆಯ ಪ್ರಕಾಶಕರು ಪುಸ್ತಕವನ್ನು ಕಾಯುವುದು ಹೇಗೆ

ಕರ್ನಾಟಕ ಸರ್ಕಾರ ಮುಟ್ಟುಗೋಲು ಹಾಕಿದ ಕನ್ನಡ ಪುಸ್ತಕಗಳ ಪೈಕಿ ಎರಡರ ವ್ಯಾಜ್ಯ ಸುಪ್ರೀಂ ಕೋರ್ಟಿನ ತನಕ ಹೋಗಿ ಹೆಸರಾಯಿತು. ಎರಡೂ ಬಸವಣ್ಣನ ಸುತ್ತಲಿನವು. ಒಂದು, ಪಿ.ವಿ. ನಾರಾಯಣ ಅವರ ‘ಧರ್ಮಕಾರಣ’ ಕಾದಂಬರಿ. ಚೆನ್ನಬಸವಣ್ಣನ ಹುಟ್ಟಿನ ಬಗ್ಗೆ ಅದರಲ್ಲಿ ಬಂದ ಕಥನ ಭಕ್ತರ ಮನಸ್ಸಿಗೆ ನೋವು ತಂದಿದೆ ಎಂದು ಸರ್ಕಾರ ಅದನ್ನು ಮುಟ್ಟುಗೋಲು ಹಾಕಿತು. ಬರಗೂರು ರಾಮಚಂದ್ರಪ್ಪ ಮತ್ತಿತರರು ಪ್ರಶ್ನಿಸಿದರು. 2007ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಸರ್ಕಾರದ ಆದೇಶವನ್ನೇ ಎತ್ತಿಹಿಡಿಯಿತು. ಇನ್ನೊಂದು, ಮಾತೆ ಮಹಾದೇವಿಯವರ ‘ಬಸವ ವಚನ ದೀಪ್ತಿ’. ವಚನಗಳ ಅಂಕಿತವನ್ನು ‘ಕೂಡಲಸಂಗಮದೇವ’ದಿಂದ ‘ಲಿಂಗದೇವ’ಕ್ಕೆ ಬದಲಿಸಿದ್ದಕ್ಕೆ 1998ರಲ್ಲಿ ಮುಟ್ಟುಗೋಲಾಯಿತು. 2017ರ ಸೆಪ್ಟೆಂಬರ್‌ನಲ್ಲಿ ಮೇಲ್ಮನವಿ ವಜಾ ಆಯಿತು. ನಡುವೆ ಕಳೆದದ್ದು ಹತ್ತೊಂಬತ್ತು ವರ್ಷ.

ಅನುಭವ ಮಂಟಪದ ನೆಲವಾದ ಬಸವಕಲ್ಯಾಣ ಇರುವುದು ಬೀದರ್ ಜಿಲ್ಲೆಯಲ್ಲಿ. ಕಲಬುರಗಿ, ಬೀದರ್, ಯಾದಗಿರಿಯ ಸಣ್ಣ ಪ್ರಕಾಶಕರ ಪಟ್ಟಿ ತೆಗೆದು ನೋಡಿದರೆ ವಚನ, ಶರಣ ಚರಿತ್ರೆ, ತತ್ವಪದ, ಸೂಫಿ ಸಂತರ ಕಥನ, ಮಠಗಳ ಇತಿಹಾಸ ಇಲ್ಲದ ವರ್ಷವೇ ಇಲ್ಲ. ಹಾಗಾಗಿ ಈ ಎರಡು ತೀರ್ಪುಗಳು ಬೇರೆ ಸೀಮೆಯ ಪ್ರಕಾಶಕರಿಗಿಂತ ನಮ್ಮ ಭಾಗದವರಿಗೆ ಹೆಚ್ಚು ಹತ್ತಿರದವು. ಇಲ್ಲಿ ಪುಸ್ತಕ ಮಾಡುವವರು ಇವುಗಳಿಂದ ಕಲಿಯಬೇಕಾದದ್ದು ಹೆದರಿಕೆಯನ್ನಲ್ಲ, ಕಾಗದದ ಶಿಸ್ತನ್ನು. ಯಾಕೆಂದರೆ ಸರ್ಕಾರ ಗೆಜೆಟ್ ಹೊರಡಿಸಿ ನಿಷೇಧಿಸುವ ಪುಸ್ತಕಗಳು ಬೆರಳೆಣಿಕೆ. ಆದೇಶ, ನೋಟಿಸು ಯಾವುದೂ ಇಲ್ಲದೆ ಒಂದು ಫೋನಿಗೆ, ಒಂದು ಸಭೆಗೆ ಅಂಗಡಿಯಿಂದ ಮರೆಯಾಗುವ ಪುಸ್ತಕಗಳೇ ಹೆಚ್ಚು. ಮೊದಲನೆಯದನ್ನು ಕೋರ್ಟಿನಲ್ಲಿ ಪ್ರಶ್ನಿಸಬಹುದು. ಎರಡನೆಯದನ್ನು ಪ್ರಶ್ನಿಸಬೇಕಾದರೆ ಮೊದಲು ಅದನ್ನು ಕಾಗದದ ಮೇಲೆ ತರಿಸಬೇಕು.

ಗೆಜೆಟ್ ಬಂದಾಗ

ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) ಕಲಂ 95 ಮತ್ತು 96, 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 98 ಮತ್ತು 99 ಆಗಿವೆ. ಸಂಖ್ಯೆ ಬದಲಾಗಿದೆ, ಅಧಿಕಾರ ಬದಲಾಗಿಲ್ಲ. ಭಾರತೀಯ ನ್ಯಾಯ ಸಂಹಿತೆಯ ಆರು ಕಲಂಗಳ ಅಡಿ ಶಿಕ್ಷಾರ್ಹವಾದ ವಿಷಯ ಪುಸ್ತಕದಲ್ಲಿದೆ ಎಂದು ರಾಜ್ಯ ಸರ್ಕಾರಕ್ಕೆ ಕಂಡರೆ ಅದರ ಎಲ್ಲ ಪ್ರತಿಗಳನ್ನೂ ಮುಟ್ಟುಗೋಲು ಎಂದು ಘೋಷಿಸಬಹುದು. ಆ ಆರು ಇವು: 152 (ದೇಶದ ಸಾರ್ವಭೌಮತೆಗೆ ಅಪಾಯ), 196 (ಗುಂಪುಗಳ ನಡುವೆ ದ್ವೇಷ), 197 (ರಾಷ್ಟ್ರೀಯ ಏಕತೆಗೆ ಧಕ್ಕೆ), 294 ಮತ್ತು 295 (ಅಶ್ಲೀಲತೆ), 299 (ಧಾರ್ಮಿಕ ಭಾವನೆಗೆ ಉದ್ದೇಶಪೂರ್ವಕ ಘಾಸಿ). 2025ರ ಆಗಸ್ಟ್ 5ರಂದು ಜಮ್ಮು ಮತ್ತು ಕಾಶ್ಮೀರದ ಗೃಹ ಇಲಾಖೆ ಒಂದೇ ಆದೇಶದಲ್ಲಿ 25 ಪುಸ್ತಕಗಳನ್ನು ಮುಟ್ಟುಗೋಲು ಹಾಕಿದ್ದು ಇದೇ ಕಲಂ 98ರ ಅಡಿಯಲ್ಲಿ.

ಈ ಕಲಮಿನಲ್ಲಿ ಗಡಿ ಜಿಲ್ಲೆಯವರು ಗಮನಿಸಬೇಕಾದ ಮಾತೊಂದಿದೆ. ಘೋಷಣೆ ಯಾವ ರಾಜ್ಯದ್ದೇ ಆಗಲಿ, ಪ್ರತಿಗಳನ್ನು ಪೊಲೀಸರು ಭಾರತದಲ್ಲಿ ಎಲ್ಲಿ ಸಿಕ್ಕರೂ ವಶಪಡಿಸಿಕೊಳ್ಳಬಹುದು. ಬೀದರಿನ ಅಂಗಡಿಯಲ್ಲಿ ಕನ್ನಡದ ಜೊತೆಗೆ ಮರಾಠಿ, ಉರ್ದು, ತೆಲುಗು ಪುಸ್ತಕಗಳೂ ಇರುತ್ತವೆ. ಮಹಾರಾಷ್ಟ್ರ ಅಥವಾ ತೆಲಂಗಾಣ ಸರ್ಕಾರ ಮುಟ್ಟುಗೋಲು ಹಾಕಿದ ಪುಸ್ತಕದ ನಾಲ್ಕು ಪ್ರತಿ ಔರಾದಿನ ಅಂಗಡಿಯ ಕಪಾಟಿನಲ್ಲಿದ್ದರೂ ಅವು ಕಾನೂನಿನ ದೃಷ್ಟಿಯಲ್ಲಿ ಸರ್ಕಾರದ ಸ್ವತ್ತು. ಆದರೆ ಅಂಗಡಿ ಅಥವಾ ಗೋದಾಮಿನ ಒಳಗೆ ನುಗ್ಗಿ ಶೋಧಿಸಲು ಮ್ಯಾಜಿಸ್ಟ್ರೇಟರ ವಾರಂಟ್ ಬೇಕು. ವಾರಂಟ್ ಹಿಡಿದು ಬರುವವರು ಸಬ್ ಇನ್‌ಸ್ಪೆಕ್ಟರ್ ದರ್ಜೆಗಿಂತ ಕೆಳಗಿನವರಾಗಿರಬಾರದು. ಶೋಧ, ಜಪ್ತಿ ಮತ್ತು ಪಂಚನಾಮೆಯನ್ನು ವಿಡಿಯೊ ಚಿತ್ರೀಕರಿಸಬೇಕು ಎಂದು ಕಲಂ 105 ಹೊಸದಾಗಿ ಹೇಳುತ್ತದೆ. ಪ್ರತಿಗಳ ಸಂಖ್ಯೆ, ಮುದ್ರಣದ ವರ್ಷ, ಯಾವ ಆವೃತ್ತಿ ಎಂಬುದು ಪಟ್ಟಿಯಲ್ಲಿ ಬಂದಿದೆಯೇ ಎಂದು ಅಲ್ಲೇ ನೋಡಿಕೊಳ್ಳಬೇಕು. ಒಂದು ಆವೃತ್ತಿಯ ಮೇಲಿನ ಆದೇಶಕ್ಕೆ ಬೇರೆ ಆವೃತ್ತಿಯ ಕಟ್ಟುಗಳೂ ಗಾಡಿ ಏರುವುದು ಹೀಗೆ ನೋಡದೆ ಬಿಟ್ಟಾಗಲೇ.

ಘೋಷಣೆಗೆ ಮುಂಚೆ ಲೇಖಕ, ಪ್ರಕಾಶಕರನ್ನು ಕರೆದು ಕೇಳಬೇಕೆಂಬ ನಿಯಮ ಕಲಮಿನಲ್ಲಿ ಇಲ್ಲ. ಈ ಕೊರತೆಯನ್ನು ತುಂಬುವ ಒಂದೇ ರಕ್ಷಣೆ, ಸರ್ಕಾರ ತನ್ನ ಅಭಿಪ್ರಾಯಕ್ಕೆ ಆಧಾರಗಳನ್ನು ಅಧಿಸೂಚನೆಯಲ್ಲೇ ಹೇಳಬೇಕು ಎಂಬುದು. ಉತ್ತರ ಪ್ರದೇಶದ ಪ್ರಕಾಶಕ ಲಲಈ ಸಿಂಗ್ ಯಾದವ್ ಗೆದ್ದದ್ದು ಇದರ ಮೇಲೆಯೇ. ಪೆರಿಯಾರರ ರಾಮಾಯಣ ವಿಮರ್ಶೆಯನ್ನು ಅವರು ಹಿಂದಿಗೆ ತಂದಿದ್ದರು. 1969ರಲ್ಲಿ ಸರ್ಕಾರ ಮುಟ್ಟುಗೋಲು ಹಾಕಿತು. ಅಧಿಸೂಚನೆಯ ಜೊತೆ ಒಂದು ಕೋಷ್ಟಕವಿತ್ತು: ಯಾವ ಪುಟ, ಯಾವ ಸಾಲು ಎಂದು. ಆ ಸಾಲುಗಳು ಯಾಕೆ ಅಪರಾಧ ಎಂಬ ಕಾರಣ ಇರಲಿಲ್ಲ. ಅಲಹಾಬಾದ್ ಹೈಕೋರ್ಟ್ 1971ರಲ್ಲಿ ಆದೇಶವನ್ನು ರದ್ದು ಮಾಡಿತು, ಸುಪ್ರೀಂ ಕೋರ್ಟ್ 1976ರಲ್ಲಿ ಅದನ್ನು ಒಪ್ಪಿತು. ಪುಟ ಸಂಖ್ಯೆ ಕೊಡುವುದು ಆಧಾರ ಕೊಟ್ಟಂತಲ್ಲ, ಕಲಮಿನ ಮಾತುಗಳನ್ನು ತಿರುಗಿ ಬರೆಯುವುದೂ ಆಧಾರವಲ್ಲ. ಶಿವಾಜಿಯ ಕುರಿತ ಜೇಮ್ಸ್ ಲೇನ್ ಪುಸ್ತಕದ ಪ್ರಕರಣದಲ್ಲಿ 2010ರಲ್ಲಿ ಸುಪ್ರೀಂ ಕೋರ್ಟ್ ಇದನ್ನೆಲ್ಲ ಒಂದೆಡೆ ಜೋಡಿಸಿ ಹೇಳಿತು. ಅಧಿಸೂಚನೆಯಲ್ಲಿ ಇಲ್ಲದ ಕಾರಣವನ್ನು ಸರ್ಕಾರ ಆಮೇಲೆ ಕೋರ್ಟಿನಲ್ಲಿ ಸೇರಿಸುವಂತಿಲ್ಲ ಎಂಬುದೂ ಅದರಲ್ಲಿದೆ.

ಇದು ಪ್ರಕಾಶಕರಿಗೆ ಅನುಕೂಲದ ಅರ್ಧ. ಇನ್ನರ್ಧವನ್ನು ಮರೆತವರು ಸೋಲುತ್ತಾರೆ. ಕಾರಣ ಹೇಳಿದ ಅಧಿಸೂಚನೆ ಬಂದ ಮೇಲೆ, ಆ ಕಾರಣ ತಪ್ಪು ಎಂದು ತೋರಿಸುವ ಹೊಣೆ ಅರ್ಜಿದಾರರದು. ಲೇಖಕರ ಉದ್ದೇಶ ಒಳ್ಳೆಯದಿತ್ತು ಎಂಬ ಪ್ರಮಾಣಪತ್ರ ಸಾಲದು, ಉದ್ದೇಶವನ್ನು ಕೋರ್ಟ್ ಪುಸ್ತಕದ ಭಾಷೆಯಿಂದಲೇ ಅಳೆಯುತ್ತದೆ. ಇಡೀ ಪುಸ್ತಕವನ್ನು ಓದಿ ತೀರ್ಮಾನಿಸಬೇಕು ಎಂಬ ತತ್ವ ಹಳೆಯದೇ, ಆದರೂ ‘ಧರ್ಮಕಾರಣ’ ಉಳಿಯಲಿಲ್ಲ. ಜನ ಪೂಜಿಸುವ ಐತಿಹಾಸಿಕ ವ್ಯಕ್ತಿಯ ಹುಟ್ಟು, ಶೀಲದ ಪ್ರಶ್ನೆ ಬಂದಾಗ ಒಂದೇ ಅಧ್ಯಾಯ ಇಡೀ ಕಾದಂಬರಿಯನ್ನು ಮುಳುಗಿಸಬಲ್ಲದು. ಆ ತೀರ್ಪನ್ನು ನಾವು ಒಪ್ಪಬೇಕಾಗಿಲ್ಲ. ಹನ್ನೆರಡನೇ ಶತಮಾನದ ಬಗ್ಗೆ ಕಾದಂಬರಿಕಾರ ಕಟ್ಟಿದ ಊಹೆಗೆ ಉತ್ತರ ಇನ್ನೊಂದು ಪುಸ್ತಕ, ವಿಮರ್ಶೆ, ಶಾಸನದ ಸಾಕ್ಷ್ಯ. ಅಂಕಿತ ಬದಲಿಸಿದ ಸಂಪಾದನೆಗೂ ಉತ್ತರ ಗ್ರಂಥಸಂಪಾದನಾ ಶಾಸ್ತ್ರದ ಕಠಿಣ ಖಂಡನೆಯೇ ಹೊರತು ಪೊಲೀಸ್ ಜಪ್ತಿ ಅಲ್ಲ. ಆದರೆ ‘ಧರ್ಮಕಾರಣ’ದ್ದು ಇವತ್ತಿಗೂ ಜಾರಿಯಲ್ಲಿರುವ ತೀರ್ಪು, ಕರ್ನಾಟಕದ್ದೇ ಪುಸ್ತಕದ ಮೇಲೆ ಬಂದದ್ದು. ಸರ್ಕಾರಿ ವಕೀಲರು ಮೊದಲು ಎತ್ತಿ ತೋರಿಸುವುದು ಅದನ್ನೇ ಎಂಬ ಅರಿವಿಟ್ಟುಕೊಂಡು ಅರ್ಜಿ ಸಿದ್ಧಪಡಿಸಬೇಕು.

ಅವಧಿ ಎರಡು ತಿಂಗಳು. ಎಣಿಕೆ ಶುರುವಾಗುವುದು ರಾಜ್ಯಪತ್ರದಲ್ಲಿ ಪ್ರಕಟವಾದ ದಿನದಿಂದ, ಪೊಲೀಸರು ಅಂಗಡಿಗೆ ಬಂದ ದಿನದಿಂದ ಅಲ್ಲ. ಬೆಂಗಳೂರಿನಲ್ಲಿ ಪ್ರಕಟವಾದ ಅಧಿಸೂಚನೆ ಶಹಾಪುರದ ಪ್ರಕಾಶಕರ ಕೈಗೆ ಬರುವಷ್ಟರಲ್ಲಿ ಮೂರು ವಾರ ಹೋಗಿದ್ದರೆ ಉಳಿದದ್ದು ಆರು ವಾರಕ್ಕೂ ಕಡಿಮೆ. ಸುದ್ದಿ ಕಿವಿಗೆ ಬಿದ್ದ ದಿನವೇ ಒಳಾಡಳಿತ ಇಲಾಖೆಯ ಅಧಿಸೂಚನೆಯ ಪ್ರತಿ ಮತ್ತು ಗೆಜೆಟಿನ ದಿನಾಂಕ ಹಿಡಿಯಬೇಕು. ಅರ್ಜಿ ಕೇಳುವುದು ಹೈಕೋರ್ಟಿನ ಮೂವರು ನ್ಯಾಯಮೂರ್ತಿಗಳ ವಿಶೇಷ ಪೀಠ, ಬೇರೆ ಯಾವ ಕೋರ್ಟಿನಲ್ಲೂ ಈ ಘೋಷಣೆಯನ್ನು ಪ್ರಶ್ನಿಸುವಂತಿಲ್ಲ. ಕಲಬುರಗಿಯಲ್ಲಿ 2008ರಿಂದ ಹೈಕೋರ್ಟಿನ ಸಂಚಾರಿ ಪೀಠವಿತ್ತು, 2013ರ ಆಗಸ್ಟ್‌ನಿಂದ ಅದು ಕಾಯಂ ಪೀಠ. ಆದರೂ ಮೂವರ ಪೀಠವನ್ನು ರಚಿಸುವುದು ಮುಖ್ಯ ನ್ಯಾಯಮೂರ್ತಿಗಳ ಕೈಯಲ್ಲಿದೆ, ವಿಚಾರಣೆ ಎಲ್ಲಿ ಎಂಬುದೂ ಅವರ ನಿರ್ಧಾರ. ಬೆಂಗಳೂರಿನಲ್ಲಿ ವಕೀಲರನ್ನು ಇಟ್ಟುಕೊಳ್ಳುವ ಖರ್ಚನ್ನೂ ಲೆಕ್ಕಕ್ಕೆ ಹಿಡಿದಿರಬೇಕು.

ಅರ್ಜಿ ಹಾಕಲು ಪುಸ್ತಕದಲ್ಲಿ ‘ಹಿತಾಸಕ್ತಿ ಇರುವ ಯಾರೇ’ ಆಗಬಹುದು. ಲೇನ್ ಪ್ರಕರಣದಲ್ಲಿ ಪ್ರಕಾಶಕರು ನಿಷೇಧಕ್ಕೆ ಮುಂಚೆಯೇ ಪುಸ್ತಕ ಹಿಂತೆಗೆದುಕೊಂಡಿದ್ದರು. ಕೋರ್ಟಿಗೆ ಹೋಗಿ ಗೆದ್ದವರು ಲೇಖಕರೂ ಅಲ್ಲ, ಪ್ರಕಾಶಕರೂ ಅಲ್ಲ. ಹಾಗಾಗಿ ಪ್ರಕಾಶಕರಿಗೆ ಧೈರ್ಯ ಅಥವಾ ದುಡ್ಡು ಸಾಲದಿದ್ದರೆ ಸಾಹಿತ್ಯ ಪರಿಷತ್ತಿನ ಸದಸ್ಯರು, ವಿಶ್ವವಿದ್ಯಾಲಯದ ಅಧ್ಯಾಪಕರು, ಓದುಗರ ಬಳಗ ಮುಂದೆ ಬರಲು ಕಾನೂನು ಅಡ್ಡಿಯಾಗಿಲ್ಲ.

ಇಂಥ ಅರ್ಜಿ ಸೊರಗುವುದು ಹೆಚ್ಚಾಗಿ ಅನುವಾದದಲ್ಲಿ. ಹೈಕೋರ್ಟಿನ ಕಡತ ಇಂಗ್ಲಿಷಿನಲ್ಲಿ ಇರುತ್ತದೆ. ಸರ್ಕಾರದ ಕಡೆಯಿಂದ ಬರುವುದು ಆಯ್ದ ಐದಾರು ಸಾಲುಗಳ ಅನುವಾದ. ತತ್ವಪದದ ಬೆಡಗು, ವಚನದ ವ್ಯಂಗ್ಯ, ಕಲಬುರಗಿ ಆಡುಮಾತಿನ ಬೈಗುಳ ಆ ಅನುವಾದದಲ್ಲಿ ಬರೀ ನಿಂದೆಯಾಗಿ ಕಾಣುತ್ತವೆ. ಅದಕ್ಕೆ ಪ್ರಕಾಶಕರು ತಮ್ಮ ಖರ್ಚಿನಲ್ಲೇ ಇಡೀ ಅಧ್ಯಾಯದ ಅನುವಾದ ಮಾಡಿಸಿ, ವಿವಾದದ ಸಾಲಿನ ಹಿಂದಿನ ಮುಂದಿನ ಪುಟಗಳ ಸಮೇತ ಸಲ್ಲಿಸಬೇಕು. ಅದೇ ಸಂಗತಿಯನ್ನು ಹಿಂದೆ ಯಾವ ಪುರಾಣ, ಯಾವ ಸಂಶೋಧನಾ ಗ್ರಂಥ ಹೇಳಿದೆ, ಅದು ಎಷ್ಟು ವರ್ಷದಿಂದ ಗ್ರಂಥಾಲಯಗಳಲ್ಲಿದೆ ಎಂಬ ಪಟ್ಟಿಯೂ ಜೊತೆಗಿರಲಿ.

ಠಾಣೆಯಿಂದ ಬರುವ ಫೋನು

ಗೆಜೆಟ್ ಅಪರೂಪ. ದಿನಬಳಕೆಯ ಸೆನ್ಸಾರ್ ನಡೆಯುವುದು ಹೀಗೆ: ಒಂದು ಸಂಘಟನೆ ಮನವಿಪತ್ರ ಕೊಡುತ್ತದೆ, ಅದರ ಫೋಟೊ ವಾಟ್ಸ್‌ಆ್ಯಪ್‌ನಲ್ಲಿ ಹರಿದಾಡುತ್ತದೆ, ಠಾಣೆಯಿಂದ ಪ್ರಕಾಶಕರಿಗೆ ಫೋನು ಬರುತ್ತದೆ. “ಪುಸ್ತಕ ಎಲ್ಲಾ ತಗೊಂಡು ಬರ್ರಿ, ಸಾಹೇಬರು ಮಾತಾಡ್ತಾರ.” ಮರುದಿನ ತಹಶೀಲ್ದಾರರ ಕಚೇರಿಯಲ್ಲೋ ಠಾಣೆಯಲ್ಲೋ ಶಾಂತಿ ಸಭೆ. ಒಂದು ಕಡೆ ನಲವತ್ತು ಜನ, ಇನ್ನೊಂದು ಕಡೆ ಲೇಖಕ ಮತ್ತು ಪ್ರಕಾಶಕ. ಸಂಜೆಯ ಹೊತ್ತಿಗೆ ಮುಚ್ಚಳಿಕೆ: ಪುಸ್ತಕ ವಾಪಸು ಪಡೆಯುತ್ತೇವೆ, ಕ್ಷಮೆ ಕೇಳುತ್ತೇವೆ. ಸರ್ಕಾರದ ಕಡತದಲ್ಲಿ ಎಲ್ಲೂ ನಿಷೇಧ ಎಂಬ ಪದ ಇರುವುದಿಲ್ಲ.

ತಮಿಳುನಾಡಿನ ನಾಮಕ್ಕಲ್‌ನಲ್ಲಿ 2015ರ ಜನವರಿಯಲ್ಲಿ ಕಾದಂಬರಿಕಾರ ಪೆರುಮಾಳ್ ಮುರುಗನ್ ಅವರಿಗೆ ಆದದ್ದು ಇದೇ. ಜಿಲ್ಲಾಡಳಿತ ಕರೆದ ಸಭೆಯಲ್ಲಿ ಅವರಿಂದ ಬೇಷರತ್ ಕ್ಷಮಾಪಣೆ ಬರೆಸಿಕೊಳ್ಳಲಾಯಿತು. ಪ್ರಗತಿಪರ ಲೇಖಕರ ಸಂಘದವರು ಮದ್ರಾಸ್ ಹೈಕೋರ್ಟಿಗೆ ಹೋದರು, ಪ್ರಕಾಶಕರಾದ ಕಾಲಚುವಡು ಪುಸ್ತಕದ ಜೊತೆ ನಿಂತಿತು. 2016ರ ಜುಲೈ 5ರ ತೀರ್ಪಿನಲ್ಲಿ, ಅಂಥ ಸಭೆಯ ಒಪ್ಪಂದಕ್ಕೆ ಯಾವ ಬಲವೂ ಇಲ್ಲ, ಅದು ಯಾರನ್ನೂ ಕಟ್ಟಿಹಾಕುವುದಿಲ್ಲ ಎಂದು ಕೋರ್ಟ್ ಹೇಳಿತು. ಆ ತೀರ್ಪು ಮದ್ರಾಸಿನದು, ಕರ್ನಾಟಕದ ಕೋರ್ಟುಗಳನ್ನು ಅದು ಬಂಧಿಸುವುದಿಲ್ಲ. ಆದರೆ ಅದರ ತರ್ಕವನ್ನು ಇಲ್ಲಿನ ವಕೀಲರು ಧಾರಾಳವಾಗಿ ಬಳಸಬಹುದು. ಪ್ರತಿಭಟನೆಯ ಬೆದರಿಕೆ ಇದೆ ಎಂದು ಅಭಿವ್ಯಕ್ತಿಯನ್ನು ಹತ್ತಿಕ್ಕುವಂತಿಲ್ಲ, ಕಾಪಾಡುವುದು ಸರ್ಕಾರದ ಕರ್ತವ್ಯ ಎಂದು ಸುಪ್ರೀಂ ಕೋರ್ಟ್ ರಂಗರಾಜನ್ ಪ್ರಕರಣದಲ್ಲಿ 1989ರಲ್ಲೇ ಹೇಳಿದೆ. ಅದು ಎಲ್ಲ ಕೋರ್ಟುಗಳಿಗೂ ಅನ್ವಯ.

ಫೋನು ಬಂದಾಗ ಕೇಳಬೇಕಾದದ್ದು ಒಂದೇ: ದಯವಿಟ್ಟು ಬರವಣಿಗೆಯಲ್ಲಿ ಕೊಡಿ. ಇದು ಉದ್ಧಟತನವಲ್ಲ. ಸಾಕ್ಷಿಯಾಗಿ ಕರೆಯಲು ನಾಗರಿಕ ಸುರಕ್ಷಾ ಸಂಹಿತೆಯ ಕಲಂ 179ರಲ್ಲಿ ಲಿಖಿತ ಆದೇಶ ಬೇಕು, ಮಹಿಳೆಯರನ್ನೂ ಅರವತ್ತು ದಾಟಿದವರನ್ನೂ ಅವರ ಮನೆಯಲ್ಲೇ ವಿಚಾರಿಸಬೇಕು. ದಾಖಲೆ ತರಿಸಿಕೊಳ್ಳಲು ಕಲಂ 94ರಲ್ಲಿ ಲಿಖಿತ ಆದೇಶ ಬೇಕು. ಆರೋಪಿಯಾಗಿ ಕರೆಯುವುದಾದರೆ ಕಲಂ 35(3)ರ ನೋಟಿಸು. ಶಾಂತಿ ಕಾಪಾಡುವ ಮುಚ್ಚಳಿಕೆಗೂ ದಾರಿ ಇದೆ. ಕಲಂ 126ರಲ್ಲಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ನೋಟಿಸು ಕೊಟ್ಟು, ಕಲಂ 130ರಂತೆ ಆರೋಪದ ಸಾರ, ಬಾಂಡಿನ ಮೊತ್ತ, ಅವಧಿಯನ್ನು ಬರೆದು ಆದೇಶಿಸಬೇಕು, ಅವಧಿ ಒಂದು ವರ್ಷ ಮೀರುವಂತಿಲ್ಲ. ಠಾಣೆಯ ಮೇಜಿನ ಮೇಲೆ ಬಿಳಿ ಹಾಳೆಯಲ್ಲಿ ಬರೆಸಿಕೊಳ್ಳುವ ಮುಚ್ಚಳಿಕೆ ಈ ಯಾವ ಕಲಮಿನದೂ ಅಲ್ಲ.

ಪೊಲೀಸರಿಗೆ ಪುಸ್ತಕ ಓದಿ ನೋಡಬೇಕೆಂದಿದ್ದರೆ ಒಂದು ಪ್ರತಿ ಕೊಟ್ಟು ಸ್ವೀಕೃತಿ ಪಡೆಯಬೇಕು. ಎಲ್ಲ ಪ್ರತಿಗಳನ್ನು ತಾವಾಗಿ ತಂದೊಪ್ಪಿಸಿದರೆ ಆಮೇಲೆ ಅದು ಜಪ್ತಿಯೂ ಅಲ್ಲ, ಮುಟ್ಟುಗೋಲೂ ಅಲ್ಲ, ‘ಸ್ವಇಚ್ಛೆಯಿಂದ ಒಪ್ಪಿಸಿದ್ದಾರೆ’ ಎಂದಾಗುತ್ತದೆ. ಪ್ರಶ್ನಿಸಲು ಆದೇಶವೇ ಉಳಿಯುವುದಿಲ್ಲ. ಬಾಯಿಮಾತಿನ ಸೂಚನೆ ಬಂದ ದಿನವೇ ಠಾಣಾಧಿಕಾರಿಗೆ ಪತ್ರ ಬರೆಯಬೇಕು: ಇಂಥ ದಿನ, ಇಂಥ ಹೊತ್ತಿಗೆ ಪುಸ್ತಕ ಮಾರಾಟ ನಿಲ್ಲಿಸಲು ಮೌಖಿಕವಾಗಿ ಹೇಳಲಾಗಿದೆ, ಇದು ಯಾವ ಕಲಮಿನಡಿ ಎಂದು ಹಿಂಬರಹ ಕೊಡಬೇಕು. ಸ್ಪೀಡ್ ಪೋಸ್ಟಿನಲ್ಲಿ ಠಾಣೆಗೆ ಒಂದು ಪ್ರತಿ. ಕಲಬುರಗಿ ನಗರವಾದರೆ ಪೊಲೀಸ್ ಕಮಿಷನರಿಗೆ, ಬೀದರ್ ಯಾದಗಿರಿಯಾದರೆ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗೆ ಇನ್ನೊಂದು ಪ್ರತಿ. ಹಿಂಬರಹ ಬಂದರೆ ಪ್ರಶ್ನಿಸಲು ದಾಖಲೆ ಸಿಕ್ಕಿತು. ಬಾರದಿದ್ದರೆ, ಆದೇಶವಿಲ್ಲದೆ ತಡೆಯುತ್ತಿದ್ದಾರೆ ಎಂದು ಹೈಕೋರ್ಟಿನ ಕಲಬುರಗಿ ಪೀಠದಲ್ಲೇ ರಿಟ್ ಹಾಕಲು ಆ ಪತ್ರವೇ ಆಧಾರ. ಕಾಗದ ಕೇಳುವುದಕ್ಕೆ ಎಷ್ಟು ಶಕ್ತಿಯಿದೆ ಎಂಬುದಕ್ಕೆ ದೊಡ್ಡ ಉದಾಹರಣೆ ಸಲ್ಮಾನ್ ರಶ್ದಿ ಪುಸ್ತಕದ ಆಮದು ನಿಷೇಧ. 1988ರ ಆ ಅಧಿಸೂಚನೆಯನ್ನು ತೋರಿಸಿ ಎಂದು ಒಬ್ಬ ಓದುಗ ಪಟ್ಟು ಹಿಡಿದಾಗ ಯಾವ ಇಲಾಖೆಯಲ್ಲೂ ಅದು ಸಿಗಲಿಲ್ಲ. ಹಾಗಾದರೆ ಅದು ಇಲ್ಲವೆಂದೇ ಭಾವಿಸಬೇಕು ಎಂದು ದೆಹಲಿ ಹೈಕೋರ್ಟ್ 2024ರ ನವೆಂಬರ್‌ನಲ್ಲಿ ಪ್ರಕರಣ ಮುಗಿಸಿತು.

ಬಿಡುಗಡೆ ಸಮಾರಂಭದ ಕಥೆಯೂ ಇದೇ. ಕಲಬುರಗಿಯ ಎಸ್.ಎಂ. ಪಂಡಿತ ರಂಗಮಂದಿರವಾಗಲಿ, ಬೀದರಿನ ಚನ್ನಬಸವ ಪಟ್ಟದ್ದೇವರು ರಂಗಮಂದಿರವಾಗಲಿ, ಖಾಸಗಿ ಕಲ್ಯಾಣ ಮಂಟಪವಾಗಲಿ, ಸಭಾಂಗಣದವರಿಗೆ ಒಂದು ಮಾತು ಹೋದರೆ ಬುಕಿಂಗ್ ರದ್ದು. ಸಭೆ ತಡೆಯಲೇಬೇಕೆಂದರೆ ಕಲಂ 163ರ ನಿಷೇಧಾಜ್ಞೆ ಬೇಕು. ಅದು ಲಿಖಿತವಾಗಿರಬೇಕು, ಕಾರಣ ಹೇಳಿರಬೇಕು. ಇಂಥ ಆದೇಶಗಳನ್ನು ಪ್ರಕಟಿಸಬೇಕು, ನ್ಯಾಯಬದ್ಧ ಅಭಿವ್ಯಕ್ತಿಯನ್ನು ಅಡಗಿಸಲು ಬಳಸಬಾರದು ಎಂದು ಸುಪ್ರೀಂ ಕೋರ್ಟ್ 2020ರ ಜನವರಿಯಲ್ಲಿ ಅನುರಾಧಾ ಭಾಸಿನ್ ಪ್ರಕರಣದಲ್ಲಿ ಹೇಳಿದೆ. ಸಭೆ ಸೇರಲೂ ಮುಂಗಡ ಅನುಮತಿ ಬೇಕೆಂಬ ಗಸ್ತಿ ಆದೇಶದ ಅಡಿ ನಿಜಾಮನ ಕಾಲದಲ್ಲಿ ಬದುಕಿದ ಸೀಮೆ ಇದು. ಆ ಕಾಲ 1948ಕ್ಕೆ ಮುಗಿದಿದೆ. ಸಂವಿಧಾನದ ಕಾಲದಲ್ಲಿ ಪುಸ್ತಕ ಬಿಡುಗಡೆಗೆ ಯಾರ ಅಪ್ಪಣೆಯೂ ಬೇಕಾಗಿಲ್ಲ, ತಡೆಯುವವರಿಗೆ ಆದೇಶ ಬೇಕು.

ಎಫ್‌ಐಆರ್ ದಾಖಲಾದರೆ

ನ್ಯಾಯ ಸಂಹಿತೆಯ ಕಲಂ 196 ಮತ್ತು 299 ಎರಡಕ್ಕೂ ಗರಿಷ್ಠ ಶಿಕ್ಷೆ ಸಾಮಾನ್ಯವಾಗಿ ಮೂರು ವರ್ಷ. ಮೂರರಿಂದ ಏಳು ವರ್ಷದೊಳಗಿನ ಶಿಕ್ಷೆಯ ದೂರುಗಳಲ್ಲಿ ಎಫ್‌ಐಆರ್‌ಗೆ ಮುಂಚೆ, ಡಿವೈಎಸ್‌ಪಿ ಅನುಮತಿಯ ಮೇಲೆ, 14 ದಿನದ ಪ್ರಾಥಮಿಕ ವಿಚಾರಣೆಗೆ ಸುರಕ್ಷಾ ಸಂಹಿತೆಯ ಕಲಂ 173(3) ಅವಕಾಶ ಕೊಡುತ್ತದೆ. ಕವಿತೆಯೊಂದರ ಮೇಲೆ ದಾಖಲಾದ ಎಫ್‌ಐಆರ್ ಅನ್ನು 2025ರ ಮಾರ್ಚ್ 28ರಂದು ರದ್ದು ಮಾಡಿದ ಇಮ್ರಾನ್ ಪ್ರತಾಪಗಢಿ ತೀರ್ಪಿನಲ್ಲಿ, ಮಾತು ಬರಹದ ಮೇಲಿನ ದೂರುಗಳಲ್ಲಿ ಈ ವಿಚಾರಣೆ ನಡೆಸುವುದೇ ಸೂಕ್ತ ಎಂದು ಸುಪ್ರೀಂ ಕೋರ್ಟ್ ಹೇಳಿತು. ಪದಗಳ ಪರಿಣಾಮವನ್ನು ಅಳೆಯಬೇಕಾದದ್ದು ದೃಢಮನಸ್ಸಿನವರ ಕಣ್ಣಿನಿಂದ, ಎಲ್ಲದರಲ್ಲೂ ಅಪಾಯ ಕಾಣುವವರ ಕಣ್ಣಿನಿಂದ ಅಲ್ಲ ಎಂಬ ಹಳೆಯ ಅಳತೆಗೋಲನ್ನೂ ಮತ್ತೆ ಎತ್ತಿ ಹಿಡಿಯಿತು. ದೂರು ಬಂದಿದೆ ಎಂದು ತಿಳಿದ ಕೂಡಲೇ ಈ ತೀರ್ಪಿನ ಪ್ರತಿಯ ಜೊತೆಗೆ ಪ್ರಾಥಮಿಕ ವಿಚಾರಣೆ ಕೋರುವ ಪತ್ರವನ್ನು ಪ್ರಕಾಶಕರೇ ಕೊಡಬೇಕು. ಆ 14 ದಿನದಲ್ಲಿ ಪುಸ್ತಕವನ್ನು ಪೂರ್ತಿ ಓದಿಸುವ ಅವಕಾಶ ಸಿಗುತ್ತದೆ.

ಒಂದು ತಪ್ಪು ತಿಳಿವಳಿಕೆ ವ್ಯಾಪಕವಾಗಿದೆ: ಸರ್ಕಾರದ ಪೂರ್ವಾನುಮತಿ ಇಲ್ಲದೆ ಈ ಕಲಂಗಳಲ್ಲಿ ಕೇಸೇ ಹಾಕುವಂತಿಲ್ಲ ಎಂದು. ಸುರಕ್ಷಾ ಸಂಹಿತೆಯ ಕಲಂ 217 ಹೇಳುವುದು ಅನುಮತಿಯಿಲ್ಲದೆ ಕೋರ್ಟ್ ಪ್ರಕರಣವನ್ನು ವಿಚಾರಣೆಗೆ ಕೈಗೆತ್ತಿಕೊಳ್ಳುವಂತಿಲ್ಲ ಎಂದಷ್ಟೇ. ಎಫ್‌ಐಆರ್, ತನಿಖೆ, ಬಂಧನ ಯಾವುದಕ್ಕೂ ಅದು ತಡೆಯಲ್ಲ. 2013ರಲ್ಲಿ ‘ಢುಂಢಿ’ ಕಾದಂಬರಿಯ ಲೇಖಕ ಯೋಗೇಶ್ ಮಾಸ್ಟರ್ ಬಂಧನವಾದದ್ದು ನೆನಪಿರಬೇಕು. ಹಾಗಾಗಿ ನಿರೀಕ್ಷಣಾ ಜಾಮೀನು, ಅಂದರೆ ಕಲಂ 482ರ ಅರ್ಜಿ, ಜಿಲ್ಲಾ ಸೆಷನ್ಸ್ ಕೋರ್ಟಿನಲ್ಲಿ ಸಿದ್ಧವಿರಬೇಕು. ಎಫ್‌ಐಆರ್ ರದ್ದತಿಗೆ ಕಲಂ 528ರ ಅರ್ಜಿ ಕಲಬುರಗಿ ಪೀಠದಲ್ಲೇ ಆಗುತ್ತದೆ. 299ಕ್ಕೆ ಉದ್ದೇಶಪೂರ್ವಕತೆ ಮತ್ತು ದುರುದ್ದೇಶ ಎರಡೂ ಬೇಕು. 196ಕ್ಕೆ ಎರಡು ಗುಂಪುಗಳಾದರೂ ಎದುರಾಗಿ ಬರಬೇಕು, ಒಂದೇ ಸಮುದಾಯಕ್ಕೆ ಬೇಸರವಾಯಿತು ಎಂಬುದು ಸಾಲದು. ದೂರಿನ ಪ್ರತಿಯಲ್ಲಿ ಈ ಅಂಶಗಳು ಕಾಣಿಸದಿದ್ದರೆ ರದ್ದತಿಗೆ ಬಲವಾದ ನೆಲೆಯಿದೆ.

ಮಾರಾಟಗಾರರ ಪಾಲಿಗೆ ಕಾನೂನು ಇನ್ನೂ ಬಿರುಸು. 1964ರ ರಂಜಿತ್ ಉದೇಶಿ ಪ್ರಕರಣದಲ್ಲಿ ಅಶ್ಲೀಲ ಪುಸ್ತಕ ಮಾರಿದ್ದಕ್ಕೆ ಶಿಕ್ಷೆಯಾದದ್ದು ಬಾಂಬೆಯ ಪುಸ್ತಕದಂಗಡಿಯ ಪಾಲುದಾರನಿಗೆ. ಪುಸ್ತಕದಲ್ಲಿ ಏನಿದೆ ಎಂದು ಗೊತ್ತಿರಲಿಲ್ಲ ಎಂಬ ವಾದ ಉಳಿಯಲಿಲ್ಲ. ಅಶ್ಲೀಲತೆಯ ಅಂದಿನ ಮಾನದಂಡವನ್ನು 2014ರಲ್ಲಿ ಅವೀಕ್ ಸರ್ಕಾರ್ ತೀರ್ಪು ಬದಲಿಸಿ, ಸಮಕಾಲೀನ ಸಮುದಾಯದ ಮಟ್ಟದಿಂದ ಇಡೀ ಕೃತಿಯನ್ನು ನೋಡಬೇಕು ಎಂದಿತು. ಸಾಹಿತ್ಯ, ಕಲೆ, ವಿಜ್ಞಾನದ ಹಿತದ ಪ್ರಕಟಣೆಗೆ ಕಲಂ 294ರಲ್ಲೇ ವಿನಾಯಿತಿ ಇದೆ. ಆದರೂ ಕಲಬುರಗಿಯ ಸೂಪರ್ ಮಾರ್ಕೆಟ್ ಸುತ್ತಲಿನ ಅಂಗಡಿಯವರು ಬದುಕುವುದು ಪಠ್ಯಪುಸ್ತಕ ಮತ್ತು ಸ್ಪರ್ಧಾತ್ಮಕ ಪರೀಕ್ಷೆಯ ಗೈಡುಗಳ ಮೇಲೆ. ಒಂದು ಕಾದಂಬರಿಯ ಹತ್ತು ಪ್ರತಿಗಾಗಿ ಅವರು ಅಂಗಡಿಯನ್ನೇ ಪಣಕ್ಕಿಡಲಿ ಎಂದು ಬಯಸುವುದು ನ್ಯಾಯವಲ್ಲ. ಕೇಸು ಬಂದರೆ ವಕೀಲರ ಖರ್ಚು ನಮ್ಮದು ಎಂದು ಪ್ರಕಾಶಕರು ಅಂಗಡಿಗೆ ಬರೆದುಕೊಡುವ ಒಂದು ಪುಟದ ಪತ್ರ ಅವರಿಗೆ ದೊಡ್ಡ ಧೈರ್ಯ.

ಸಿವಿಲ್ ಕೋರ್ಟಿನ ಏಕಪಕ್ಷೀಯ ತಡೆ

ಮಾನಹಾನಿ ಅಥವಾ ಭಾವನೆಗೆ ಧಕ್ಕೆ ಎಂದು ದಾವೆ ಹೂಡಿ, ಪ್ರಕಾಶಕರಿಗೆ ನೋಟಿಸು ಹೋಗುವ ಮುಂಚೆಯೇ ತಡೆಯಾಜ್ಞೆ ತರುವುದು ಇತ್ತೀಚಿನ ಸುಲಭ ದಾರಿ. ಜೀವನಚರಿತ್ರೆ, ಮಠದ ಇತಿಹಾಸ, ರಾಜಕಾರಣಿಯ ಕುರಿತ ಪುಸ್ತಕಗಳಿಗೆ ಇದರ ಭಯ ಹೆಚ್ಚು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 148ಎ ಅಡಿಯ ಕೇವಿಯಟ್, ಅಂದರೆ ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಎಂದು ಕೋರ್ಟಿಗೆ ಮೊದಲೇ ಸಲ್ಲಿಸುವ ಕೋರಿಕೆ, ಇದಕ್ಕೆ ಮೊದಲ ಬೇಲಿ. ಬಿಡುಗಡೆಗೆ ಒಂದು ವಾರ ಮುಂಚೆ ಹಾಕಿದರೆ 90 ದಿನ ಕಾಯುತ್ತದೆ, ಅವಧಿ ಮುಗಿದರೆ ಹೊಸದಾಗಿ ಹಾಕಬೇಕು. ಬೇಲಿಯ ಕಿಂಡಿಗಳೂ ಗೊತ್ತಿರಬೇಕು. ಕಲಬುರಗಿಯಲ್ಲಿ ಹಾಕಿದ ಕೇವಿಯಟ್ ಬೆಂಗಳೂರಿನಲ್ಲಿ ಹೂಡಿದ ದಾವೆಗೆ ಬರುವುದಿಲ್ಲ. ಪುಸ್ತಕ ಬೆಂಗಳೂರಿನಲ್ಲೋ ಗದಗಿನಲ್ಲೋ ಅಚ್ಚಾಗಿದ್ದರೆ, ರಾಜ್ಯದ ತುಂಬ ಮಾರಾಟವಾಗುತ್ತಿದ್ದರೆ ಎದುರಾಳಿ ತನಗೆ ಬೇಕಾದ ಕೋರ್ಟ್ ಆರಿಸಿಕೊಳ್ಳುತ್ತಾನೆ. ಕೇವಿಯಟ್‌ನಲ್ಲಿ ಹೆಸರಿಸಿದವರ ಬದಲು ಬೇರೊಬ್ಬರಿಂದ ದಾವೆ ಹೂಡಿಸುವುದೂ ಉಂಟು.

ತಡೆಯಾಜ್ಞೆ ಬಂದೇ ಬಿಟ್ಟರೆ ಆದೇಶ 39ರ ನಿಯಮ 4ರಂತೆ ತೆರವಿನ ಅರ್ಜಿ ತಕ್ಷಣ ಹಾಕಬೇಕು. ಏಕಪಕ್ಷೀಯ ತಡೆಗೆ ಕೋರ್ಟ್ ಕಾರಣ ದಾಖಲಿಸಿರಬೇಕು, 30 ದಿನದಲ್ಲಿ ಇತ್ಯರ್ಥಪಡಿಸಲು ಯತ್ನಿಸಬೇಕು ಎಂದು ನಿಯಮ 3 ಮತ್ತು 3ಎ ಹೇಳುತ್ತವೆ. ಪ್ರಕಟಣೆಯ ಮೇಲೆ ವಿಚಾರಣೆಗೆ ಮುಂಚೆ ತಡೆ ಕೊಡುವುದು ಅತ್ಯಂತ ಅಪರೂಪವಾಗಿರಬೇಕು, ಬರಹ ದುರುದ್ದೇಶದ್ದು ಅಥವಾ ಮೇಲ್ನೋಟಕ್ಕೇ ಸುಳ್ಳು ಎಂದು ಕಂಡಾಗ ಮಾತ್ರ ಎಂದು 2024ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಬ್ಲೂಮ್‌ಬರ್ಗ್ ಪ್ರಕರಣದಲ್ಲಿ ಕೆಳ ಕೋರ್ಟುಗಳಿಗೆ ಎಚ್ಚರಿಸಿದೆ. ಜೀವಂತ ವ್ಯಕ್ತಿಯ ಬಗ್ಗೆ ಸಾರ್ವಜನಿಕ ದಾಖಲೆಗಳ ಮೇಲೆ ನಿಂತ ಬರಹವನ್ನು ಅನುಮತಿಯಿಲ್ಲದೆಯೂ ಪ್ರಕಟಿಸಬಹುದು, ಅಧಿಕಾರಿಗಳು ಮುಂಚಿತವಾಗಿ ತಡೆಯುವಂತಿಲ್ಲ ಎಂಬುದು 1994ರಲ್ಲಿ ತಮಿಳು ವಾರಪತ್ರಿಕೆ ನಕ್ಕೀರನ್ ಹೋರಾಡಿ ಪಡೆದ ತೀರ್ಪು.

ಅಚ್ಚಿಗೆ ಮುಂಚೆ, ಅಚ್ಚಾದ ಮೇಲೆ

ಮೇಲಿನ ಎಲ್ಲವೂ ನಿಲ್ಲುವುದು ಹಸ್ತಪ್ರತಿಯ ಹಂತದ ಕೆಲಸದ ಮೇಲೆ. ಪ್ರತಿ ಸೂಕ್ಷ್ಮ ಭಾಗಕ್ಕೆ ಒಂದು ಸಾಲಿನ ದಾಖಲೆ: ಪುಟ, ಮಾತು, ಅದರ ಆಕರ, ಆಕರದ ಜೆರಾಕ್ಸ್. ವಚನಗಳಾದರೆ ಯಾವ ಸಂಪಾದನೆಯ ಪಾಠ ಎಂದು ಮುನ್ನುಡಿಯಲ್ಲೇ ಹೇಳಬೇಕು. ಸರ್ಕಾರದ ಸಮಗ್ರ ವಚನ ಸಂಪುಟದ ಹದಿನೈದು ಸಂಪುಟಗಳ ಪಾಠದಿಂದ ಬೇರೆಯಾದಲ್ಲಿ ವ್ಯತ್ಯಾಸವನ್ನು ಅಡಿಟಿಪ್ಪಣಿಯಲ್ಲಿ ತೋರಿಸಬೇಕು, ಮೂಲದಲ್ಲಿ ಬದಲಿಸಬಾರದು. ಕಾದಂಬರಿಯಾದರೆ ಯಾವುದು ಇತಿಹಾಸ, ಯಾವುದು ಕಲ್ಪನೆ ಎಂಬುದನ್ನು ಲೇಖಕರು ಅರಿಕೆಯಲ್ಲಿ ಬಿಡಿಸಿ ಬರೆದರೆ ಉದ್ದೇಶವನ್ನು ಪುಸ್ತಕದ ಒಳಗಿನಿಂದಲೇ ತೋರಿಸಲು ಆಗುತ್ತದೆ. ಈ ಓದನ್ನು ಕತ್ತರಿಸುವ ಓದಾಗಿ ಮಾಡಬಾರದು. ಉಳಿಸಿಕೊಳ್ಳಲು ಬೇಕಾದ ಸಾಕ್ಷ್ಯ ಕೂಡಿಡುವುದಷ್ಟೇ ಇದರ ಕೆಲಸ.

ಅಚ್ಚಾದ 30 ದಿನದೊಳಗೆ ಕೋಲ್ಕತ್ತದ ರಾಷ್ಟ್ರೀಯ ಗ್ರಂಥಾಲಯ ಮತ್ತು ಗೊತ್ತುಪಡಿಸಿದ ಇತರ ಮೂರು ಗ್ರಂಥಾಲಯಗಳಿಗೆ ಪ್ರತಿ ಕಳಿಸಬೇಕು ಎಂಬುದು 1954ರ ಕಾಯ್ದೆ. ಸಣ್ಣ ಪ್ರಕಾಶಕರು ಅಂಚೆ ಖರ್ಚಿಗೆ ಹೆದರಿ ಇದನ್ನು ಬಿಡುತ್ತಾರೆ. ಕಳಿಸಿದರೆ ಪ್ರಕಟಣೆಯ ದಿನಾಂಕಕ್ಕೆ ಸಾಕ್ಷಿ ಸಿಗುತ್ತದೆ, ಊರಿನ ಅಂಗಡಿಗಳಿಂದ ಪುಸ್ತಕ ಮಾಯವಾದರೂ ನಾಲ್ಕು ಕಡೆ ಓದುಗರಿಗೆ ಉಳಿಯುತ್ತದೆ. ಸ್ಟಾಕನ್ನು ಒಂದೇ ಗೋದಾಮಿನಲ್ಲಿ ಇಡದೆ ಹಂಚಿಡುವುದು, ಅಂತಿಮ ಪುಟವಿನ್ಯಾಸದ ಕಡತವನ್ನು ಪ್ರೆಸ್ಸಿನ ಹೊರಗೂ ಕಾಪಿಡುವುದು ಮಾಮೂಲಿ ಜಾಗ್ರತೆ.

ವಿವಾದ ಬಂದಾಗ “ಆ ಪುಟ ತೆಗೆದುಬಿಡಿ, ಉಳಿದದ್ದು ಮಾರಿಕೊಳ್ಳಿ” ಎಂಬ ಸಲಹೆ ಬಂದೇ ಬರುತ್ತದೆ. ತಾಂತ್ರಿಕವಾಗಿ ಇದು ಅಷ್ಟು ಸರಳವಲ್ಲ. ಹದಿನಾರು ಪುಟದ ಒಂದು ಫಾರಂನಲ್ಲಿ (ಒಟ್ಟಿಗೆ ಅಚ್ಚಾಗಿ ಮಡಿಸಿದ ಪುಟಗಳ ಕಟ್ಟು) ಎಂಟು ಹಾಳೆ. ಹೊಲಿಗೆ ಬೈಂಡಿಂಗ್ ಆದರೆ ಮೂರನೇ ಹಾಳೆ ಆರನೆಯದಕ್ಕೆ ಅಂಟಿಕೊಂಡಿರುತ್ತದೆ, ಒಂದನ್ನು ಹರಿದರೆ ಇನ್ನೊಂದು ಸಡಿಲವಾಗುತ್ತದೆ. ಅಂಟು ಬೈಂಡಿಂಗ್‌ನಲ್ಲಿ ಹಾಳೆ ಸುಲಭಕ್ಕೆ ಬರುತ್ತದೆ, ಆದರೆ ಒಂದು ಹಾಳೆಗೆ ಎರಡು ಪುಟ, ವಿವಾದವಿಲ್ಲದ ಪುಟವೂ ಹೋಗುತ್ತದೆ. ಸರಿಯಾಗಿ ಮಾಡಬೇಕೆಂದರೆ ಇಡೀ ಫಾರಂ ಮತ್ತೆ ಅಚ್ಚು ಹಾಕಿ ಬೈಂಡಿಂಗ್ ಬಿಚ್ಚಿ ಕಟ್ಟಬೇಕು. 500ರಿಂದ 1000 ಪ್ರತಿ ಹಾಕುವ ಪ್ರಕಾಶಕರಿಗೆ ಅದು ಹೊಸ ಮುದ್ರಣದಷ್ಟೇ ಭಾರ. ಖರ್ಚಿಗಿಂತ ದೊಡ್ಡ ತೊಂದರೆ ಕಾನೂನಿನದು: ಪುಟ ತೆಗೆದದ್ದನ್ನೇ ತಪ್ಪೊಪ್ಪಿಗೆ ಎಂದು ಎದುರಿನವರು ತೋರಿಸುತ್ತಾರೆ. ಲೇಖಕರ ಲಿಖಿತ ಒಪ್ಪಿಗೆಯಿಲ್ಲದೆ ತೆಗೆದರೆ ಕರಾರಿನ ಉಲ್ಲಂಘನೆಯ ಆರೋಪವೂ ಬರುತ್ತದೆ.

ಕರಾರಿನ ವಿಷಯಕ್ಕೆ ಬಂದರೆ, ಕನ್ನಡದ ಬಹುಪಾಲು ಪುಸ್ತಕಗಳು ಬಾಯಿಮಾತಿನ ಮೇಲೆ ಅಚ್ಚಾಗುತ್ತವೆ. ಕೇಸು ಬಂದ ದಿನ ಲೇಖಕರು ಪ್ರಕಾಶಕರ ಕಡೆ, ಪ್ರಕಾಶಕರು ಲೇಖಕರ ಕಡೆ ಬೊಟ್ಟು ತೋರಿಸುವುದು ಅದಕ್ಕೇ. ಎರಡು ಪುಟದ ಒಪ್ಪಂದದಲ್ಲಿ ಮೂರು ಮಾತು ಇರಲೇಬೇಕು: ಆಕರಗಳ ಹೊಣೆ ಲೇಖಕರದು, ವ್ಯಾಜ್ಯದ ಖರ್ಚು ಯಾವ ಪಾಲಿನಲ್ಲಿ ಎಂಬುದು, ಕೋರ್ಟಿನ ಆದೇಶವಿಲ್ಲದೆ ಪುಸ್ತಕ ಹಿಂತೆಗೆಯುವುದಾದರೆ ಲೇಖಕರ ಒಪ್ಪಿಗೆ ಬೇಕು ಮತ್ತು ಹಾಗೆ ಹಿಂತೆಗೆದರೆ ಹಕ್ಕು ಲೇಖಕರಿಗೆ ಮರಳುತ್ತದೆ ಎಂಬುದು. 2014ರಲ್ಲಿ ವೆಂಡಿ ಡೊನಿಗರ್ ಅವರ ಹಿಂದೂಗಳ ಕುರಿತ ಪುಸ್ತಕವನ್ನು ಪೆಂಗ್ವಿನ್ ಇಂಡಿಯಾ ದಾವೆಯ ನಡುವೆ ರಾಜಿ ಮಾಡಿಕೊಂಡು ವಾಪಸು ಪಡೆಯಿತು. ಯಾವ ಕೋರ್ಟೂ ಆ ಪುಸ್ತಕ ತಪ್ಪು ಎಂದಿರಲಿಲ್ಲ. ಅಷ್ಟು ದೊಡ್ಡ ಸಂಸ್ಥೆ ಬಗ್ಗಿದ್ದು ಸಣ್ಣವರಿಗೆ ಅಧೈರ್ಯ ತಂದದ್ದು ನಿಜ. ಆದರೆ ಲಲಈ ಸಿಂಗ್ ಅವರ ಬಳಿ ಪೆಂಗ್ವಿನ್ನಿನ ದುಡ್ಡಿರಲಿಲ್ಲ, ಕಾಲಚುವಡು ಕೂಡ ನಾಗರಕೋಯಿಲ್ ಎಂಬ ಜಿಲ್ಲಾ ಊರಿನ ಪ್ರಕಾಶನ.

ನಮ್ಮ ಮೂರು ಜಿಲ್ಲೆಗಳಲ್ಲಿ ಇವತ್ತು ಇಲ್ಲದಿರುವುದು ಇದನ್ನು ಒಟ್ಟಾಗಿ ಮಾಡುವ ಏರ್ಪಾಡು. ಒಬ್ಬೊಬ್ಬ ಪ್ರಕಾಶಕರಿಗೂ ಬೇರೆ ವಕೀಲರು, ಬೇರೆ ನಿಧಿ ಆಗದ ಮಾತು. ಹತ್ತು ಪ್ರಕಾಶಕರು ಸೇರಿ ವರ್ಷಕ್ಕೆ ಒಂದು ಸಣ್ಣ ಮೊತ್ತ ಕೂಡಿಟ್ಟರೆ ಕೇವಿಯಟ್, ನಿರೀಕ್ಷಣಾ ಜಾಮೀನು, ಮೊದಲ ರಿಟ್ ಇವಿಷ್ಟನ್ನು ತಡೆದುಕೊಳ್ಳಬಹುದು. ಗುಲಬರ್ಗಾ ವಿಶ್ವವಿದ್ಯಾಲಯ ಮತ್ತು ಕಡಗಂಚಿಯ ಕೇಂದ್ರೀಯ ವಿಶ್ವವಿದ್ಯಾಲಯದಲ್ಲಿ ಕನ್ನಡ, ಇಂಗ್ಲಿಷ್ ಬಲ್ಲ ಅಧ್ಯಾಪಕರಿದ್ದಾರೆ. ವಿವಾದದ ಅಧ್ಯಾಯಗಳ ಅನುವಾದ, ತಜ್ಞರ ಪ್ರಮಾಣಪತ್ರ ಅವರಿಂದ ಹದಿನೈದು ದಿನದಲ್ಲಿ ಆಗುವ ಕೆಲಸ. ಕಲಬುರಗಿ ಪೀಠದ ವಕೀಲರಲ್ಲಿ ಇಬ್ಬರು ಮೂವರಾದರೂ ಕಲಂ 98, 99ರ ತೀರ್ಪುಗಳನ್ನು ಮುಂಚೆಯೇ ಓದಿಟ್ಟುಕೊಂಡಿದ್ದರೆ, ಗೆಜೆಟ್ ಬಂದ ಮೇಲೆ ಎರಡು ತಿಂಗಳಲ್ಲಿ ಒಂದು ತಿಂಗಳು ವಕೀಲರನ್ನು ಹುಡುಕುವುದರಲ್ಲೇ ಕಳೆಯುವುದು ತಪ್ಪುತ್ತದೆ.